ಬೆಳಕನ್ನು ಬಲ್ಲ ಮೈಸೂರಿಗ

ಪದವಿಯೇ ವಿದ್ಯೆ, ಡಿಪ್ಲೊಮಾ ಎಂಬುದು ಅಂಕ ಬಾರದವರ ಪಾಡು ಎಂಬ ಭಾವನೆ ನಮ್ಮ ವಿದ್ಯಾರ್ಥಿಗಳಲ್ಲಿಯೂ ಅವರ ತಂದೆತಾಯಿಗಳಲ್ಲಿಯೂ ಬಲವಾಗಿ ಬೇರೂರಿದೆ. ಉದಯಗಿರಿಯಲ್ಲಿ ನೆಲಸಿ ಭೌತವಿಜ್ಞಾನವನ್ನು ಬೋಧಿಸುತ್ತಿರುವ ನಾವು ಈ ಮಾತನ್ನು ಪ್ರತಿವರ್ಷವೂ ಕೇಳುತ್ತೇವೆ. ಇದು ಸರಿಯಲ್ಲವೆಂಬುದಕ್ಕೆ ಇದೇ ಊರಿನ ಛಾಯಾಗ್ರಾಹಕರೊಬ್ಬರು ಸಾಕ್ಷಿಯಾಗಿದ್ದಾರೆ.

ವಿ. ಕೆ. ಮೂರ್ತಿಯವರು 1923ರಲ್ಲಿ ಮೈಸೂರಿನಲ್ಲಿ ಜನಿಸಿದರು. ಬೆಂಗಳೂರಿನಲ್ಲಿ, ಇಂದಿನ ಶ್ರೀ ಜಯಚಾಮರಾಜೇಂದ್ರ ಪಾಲಿಟೆಕ್ನಿಕ್ಕಿನಲ್ಲಿ, ಛಾಯಾಗ್ರಹಣವನ್ನು ಕಲಿತು 1946ರಲ್ಲಿ ಡಿಪ್ಲೊಮಾ ಪಡೆದರು. ಗುರುದತ್ತರ ‘ಪ್ಯಾಸಾ’ (1957), ‘ಕಾಗಜ್ ಕೆ ಫೂಲ್’ (1959), ‘ಸಾಹಿಬ್ ಬೀಬಿ ಔರ್ ಗುಲಾಮ್’ (1962) ಚಿತ್ರಗಳ ನೆರಳು ಬೆಳಕುಗಳನ್ನು ರೂಪಿಸಿದವರು ಇವರೇ. ‘ಕಾಗಜ್ ಕೆ ಫೂಲ್’ ಭಾರತದ ಮೊದಲ ಸಿನೆಮಾಸ್ಕೋಪ್ ಚಿತ್ರ. ದೃಶ್ಯದ ಅಗಲವನ್ನು ಮಾತ್ರ ಅರ್ಧಕ್ಕೆ ಕುಗ್ಗಿಸಿ ಫಿಲ್ಮಿನ ಮೇಲೆ ಮೂಡಿಸಿ, ತೆರೆಯ ಮೇಲೆ ಮತ್ತೆ ಹಿಗ್ಗಿಸುವ ಮಸೂರಗಳ ವಿಧಾನವದು.

ಆ ಚಿತ್ರದ ಒಂದು ದೃಶ್ಯದಲ್ಲಿ, ಕತ್ತಲು ಕವಿದ ಸ್ಟುಡಿಯೋದೊಳಕ್ಕೆ ಮೇಲಿನಿಂದ ಬಿಸಿಲುಕೋಲೊಂದು ಇಳಿಯುತ್ತದೆ. ದೀಪದಿಂದ ಇದನ್ನು ಪಡೆಯುವುದು ಕಷ್ಟ. ಹತ್ತಿರದ ದೀಪದ ಕಿರಣಗಳು ಹರಡಿಕೊಳ್ಳುತ್ತವೆ. ಸೂರ್ಯಬಿಂಬವಾದರೋ ನಮಗೆ ಸುಮಾರು ಅರ್ಧ ಡಿಗ್ರಿಯಷ್ಟೇ ಅಗಲವಾಗಿ ಕಾಣುವುದರಿಂದ ಅದರ ಕಿರಣಗಳು ಬಹುಮಟ್ಟಿಗೆ ಸಮಾಂತರವಾಗಿರುತ್ತವೆ. ಮೂರ್ತಿಯವರು ಎರಡು ದೊಡ್ಡ ಕನ್ನಡಿಗಳ ಮೂಲಕ ಹೊರಗಿನ ಬಿಸಿಲನ್ನೇ ಒಳಕ್ಕೆ ತಂದರು. ಆ ಕೋಲು ಕಣ್ಣಿಗೆ ಕಾಣಬೇಕಾದರೆ ಗಾಳಿಯಲ್ಲಿನ ಧೂಳೋ ಹೊಗೆಯೋ ಬೆಳಕನ್ನು ಚದುರಿಸಬೇಕು. ಗವಾಕ್ಷಿಯ ಬಿಸಿಲನ್ನು ನೋಡಿದವರೆಲ್ಲ ಇದನ್ನು ಬಲ್ಲರು. ಇನ್ನೊಂದು ತೊಡಕೂ ಉಂಟು. ಸೂರ್ಯನು ನಾಲ್ಕು ನಿಮಿಷಕ್ಕೆ ಸುಮಾರು ಒಂದು ಡಿಗ್ರಿ ಸರಿಯುತ್ತಾನೆ. ಕನ್ನಡಿಯನ್ನು ತಿರುಗಿಸದೆ ಬಿಟ್ಟರೆ ಪ್ರತಿಫಲಿತ ಕಿರಣವೂ ಅಷ್ಟೇ ಸರಿಯುತ್ತದೆ. 100 ಅಡಿ ದೂರದಲ್ಲಿ ಇದು ಒಂದೂಮುಕ್ಕಾಲು ಅಡಿಯಾಗುತ್ತದೆ. ನಟರು ನಿಂತಲ್ಲಿಯೇ ಇದ್ದರೂ ಬೆಳಕು ಅವರನ್ನು ಬಿಟ್ಟು ನಡೆದೀತು!

ಪ್ರತಿಫಲನದ ನಿಯಮವನ್ನು ನಮ್ಮ ವಿದ್ಯಾರ್ಥಿಗಳೆಲ್ಲರೂ ಬಾಯಿಪಾಠವಾಗಿ ಬಲ್ಲರು. ಆದರೆ ಉತ್ತರಪತ್ರಿಕೆಯಲ್ಲಿ ಬಾಣದ ಗುರುತಿನ ಗೆರೆಯೆಳೆಯುವಲ್ಲಿಗೆ ಆ ತಿಳಿವು ನಿಂತುಬಿಡುತ್ತದೆ. ಸಿದ್ಧಾಂತ ಬೇಡವೆಂದು ನಾವು ಹೇಳುತ್ತಿಲ್ಲ. ಸಂಶೋಧನೆಗೆ ಪದವಿಯ ಓದು ಅವಶ್ಯವೇ ಸರಿ. ಕೈಗೆ ಇಳಿಯದ ವಿದ್ಯೆ ಅರ್ಧವಿದ್ಯೆಯೆಂಬುದಷ್ಟೇ ನಮ್ಮ ವಾದ. ಎರಡು ಕನ್ನಡಿ, ಒಂದು ಊದುಬತ್ತಿ, ಕಿಟಕಿಯ ಬಿಸಿಲು ಇದ್ದರೆ ಈ ಪ್ರಯೋಗವನ್ನು ಯಾವ ಶಾಲೆಯಲ್ಲಿಯೂ ಮಾಡಬಹುದು. ಅದಕ್ಕೆ ಬಿಡುವು ಕೊಡದ ಪಠ್ಯಕ್ರಮ ಬದಲಾಗಬೇಕು.

2008ನೆಯ ಸಾಲಿನ ದಾದಾಸಾಹೇಬ್ ಫಾಲ್ಕೆ ಪ್ರಶಸ್ತಿ ಮೂರ್ತಿಯವರಿಗೆ ಸಂದಿತು. ಛಾಯಾಗ್ರಾಹಕರೊಬ್ಬರಿಗೆ ಅದು ದೊರೆತದ್ದು ಅದೇ ಮೊದಲು. ಅವರು 2014ರಲ್ಲಿ ತೀರಿಕೊಂಡರು. ಫಲಿತಾಂಶದ ದಿನಗಳಲ್ಲಿ ಪಾಲಿಟೆಕ್ನಿಕ್ಕಿನ ಅರ್ಜಿಯನ್ನು ಕೈಗೆತ್ತಿಕೊಂಡ ವಿದ್ಯಾರ್ಥಿಯು ಮನೆಯವರ ಮುಂದೆ ತಲೆತಗ್ಗಿಸಬೇಕಾದ ಕಾರಣವೇನೂ ಇಲ್ಲ.