ಅಡುಗೆಯ ಒಲೆಯೂ ವರ್ಗಮೂಲವೂ

ಅನಿಲಗಳ ಸಾಂದ್ರತೆಯನ್ನು ನಾವು ತರಗತಿಯಲ್ಲಿ ಬೋಧಿಸುತ್ತೇವೆ. ವಿದ್ಯಾರ್ಥಿಗಳು ಅದನ್ನು ಪರೀಕ್ಷೆಯಲ್ಲಿ ಬರೆದು ಅಂಕಗಳನ್ನು ಪಡೆಯುತ್ತಾರೆ. ಆದರೆ ಮನೆಯಲ್ಲಿ ಅಡುಗೆ ಅನಿಲ ಸೋರಿದರೆ ಅದು ನೆಲಕ್ಕಿಳಿಯುವುದೋ, ಸೂರಿಗೇರುವುದೋ ಎಂದು ಕೇಳಿದಾಗ ಅವರೇ ತಡವರಿಸುತ್ತಾರೆ. ಕಲಿತ ವಿದ್ಯೆ ಅಡುಗೆಮನೆಯ ಹೊಸ್ತಿಲನ್ನು ದಾಟದಿರುವುದು ವಿದ್ಯಾರ್ಥಿಗಳ ದೋಷವಲ್ಲ, ನಮ್ಮ ಬೋಧನೆಯ ಕೊರತೆ.

ಈ ವಿಷಯದಲ್ಲಿ ಎಂಜಿನಿಯರರು ನಮಗಿಂತ ಮುಂದಿದ್ದಾರೆ. ಇಟಲಿಯ ಗೋಫ್ರೆಡೊ ವೊಬ್ಬೆ ಎಂಬವರು 1920ರ ದಶಕದಲ್ಲಿ ಇಂಧನಾನಿಲಗಳ ಗುಣವನ್ನು ಅಳೆಯಲು ಹೊಸ ಮಾನವೊಂದನ್ನು ಸೂಚಿಸಿದರು. ಅನಿಲವು ಒಲೆಯೊಳಕ್ಕೆ ಒಂದು ಸಣ್ಣ ರಂಧ್ರದ ಮೂಲಕ ಬರುತ್ತದಷ್ಟೆ. ಒತ್ತಡ ಒಂದೇ ಆಗಿರುವಾಗ, ಹೊರಬರುವ ಅನಿಲದ ಗಾತ್ರವು ಅದರ ಸಾಂದ್ರತೆಯ ವರ್ಗಮೂಲಕ್ಕೆ ವಿಲೋಮ ಪ್ರಮಾಣದಲ್ಲಿರುತ್ತದೆ. ಆದುದರಿಂದ ಒಂದು ಘನಮೀಟರು ಅನಿಲ ಕೊಡುವ ಶಾಖವನ್ನು, ಗಾಳಿಗೆ ಹೋಲಿಸಿದ ಅದರ ಸಾಂದ್ರತೆಯ ವರ್ಗಮೂಲದಿಂದ ಭಾಗಿಸಿದರೆ, ಬೇರೆ ಬೇರೆ ಅನಿಲಗಳು ಅದೇ ಒಲೆಗೆ ಒದಗಿಸುವ ಶಾಖವನ್ನು ಹೋಲಿಸಬಹುದು. ಇದೇ ವೊಬ್ಬೆ ಸೂಚ್ಯಂಕ. ಮೀಥೇನಿಗೆ ಇದು ಘನಮೀಟರಿಗೆ ಸುಮಾರು 50 ಮೆಗಾಜೂಲ್. ಪ್ರೊಪೇನಿಗೆ ಸುಮಾರು 77.

ಈ ಎರಡು ಅಂಕಿಗಳ ಅಂತರದಲ್ಲಿ ಪ್ರಾಣದ ಪ್ರಶ್ನೆ ಅಡಗಿದೆ. ಕೊಳವೆಯಲ್ಲಿ ಬರುವ ನೈಸರ್ಗಿಕ ಅನಿಲ ಬಹುಮಟ್ಟಿಗೆ ಮೀಥೇನ್. ಸಿಲಿಂಡರಿನದು ಪ್ರೊಪೇನ್ ಮತ್ತು ಬ್ಯೂಟೇನ್‌ಗಳ ಮಿಶ್ರಣ. ಕೊಳವೆಯ ಅನಿಲಕ್ಕೆ ದೊಡ್ಡ ರಂಧ್ರ ಬೇಕು. ಅದೇ ಒಲೆಗೆ ಸಿಲಿಂಡರನ್ನು ಜೋಡಿಸಿದರೆ ಇಂಧನ ಮಿತಿಮೀರುತ್ತದೆ, ಗಾಳಿ ಸಾಲದಾಗುತ್ತದೆ; ನೀಲಿಯ ಜ್ವಾಲೆ ಹಳದಿಯಾಗಿ, ಬಣ್ಣವೂ ವಾಸನೆಯೂ ಇಲ್ಲದ ಕಾರ್ಬನ್ ಮಾನಾಕ್ಸೈಡ್ ಎಂಬ ವಿಷ ಹುಟ್ಟುತ್ತದೆ. ಬೆಂಗಳೂರಿನ ಅನೇಕ ಮನೆಗಳಿಗೆ ಈಗ ಕೊಳವೆಯ ಅನಿಲ ಬಂದಿದೆ. ಅಲ್ಲಿಂದ ಬೇರೆ ಊರಿಗೆ ಹೋಗುವವರು ಒಲೆಯನ್ನು ಹೊತ್ತೊಯ್ದರೆ ಸಾಲದು. ಬಲ್ಲವರಿಂದ ಅದರ ರಂಧ್ರವನ್ನೂ ಬದಲಿಸಿಕೊಳ್ಳಬೇಕು.

ಸೋರಿಕೆಯಲ್ಲಿಯೂ ಇದೇ ಭೇದವುಂಟು. ಮೀಥೇನಿನ ಸಾಂದ್ರತೆ ಗಾಳಿಯದರ ಅರ್ಧಕ್ಕಿಂತ ತುಸು ಹೆಚ್ಚು, ಅದು ಮೇಲೇರುತ್ತದೆ. ಸಿಲಿಂಡರಿನ ಅನಿಲ ಗಾಳಿಗಿಂತ ಒಂದೂವರೆಯಿಂದ ಎರಡು ಪಟ್ಟು ಭಾರ. ಅದು ನೆಲದ ಮೇಲೆ ಹರಡಿ ಮೂಲೆಗಳಲ್ಲಿ ನಿಲ್ಲುತ್ತದೆ. ಗಾಳಿಯಲ್ಲಿ ಅದು ನೂರಕ್ಕೆ 2 ಪಾಲಿನಷ್ಟು ಬೆರೆತರೂ ಒಂದು ಕಿಡಿ ಸಾಕು. ಆದುದರಿಂದ ಎತ್ತರದ ಕಿಟಕಿಯೊಂದನ್ನೇ ತೆರೆದು ನಿಶ್ಚಿಂತರಾಗುವಂತಿಲ್ಲ. ಬಾಗಿಲನ್ನೂ ತೆರೆಯಬೇಕು, ವಿದ್ಯುತ್ ಸ್ವಿಚ್ಚುಗಳನ್ನು ಮುಟ್ಟದೆ ಹೊರಬರಬೇಕು.

ಇವೆಲ್ಲ ಒಲೆ ರಿಪೇರಿಯವನು ತಿಳಿಯಬೇಕಾದ ಸಂಗತಿಗಳು, ಕಾಲೇಜಿಗೆ ಇವೇಕೆ ಎನ್ನುವವರುಂಟು. ಅವರಿಗೆ ನಮ್ಮ ಉತ್ತರ ಇಷ್ಟೆ: ಅನಿಲ ಸೋರುವ ಗಳಿಗೆಯಲ್ಲಿ ರಿಪೇರಿಯವನು ಮನೆಯಲ್ಲಿರುವುದಿಲ್ಲ, ತಾಯಿ ಇರುತ್ತಾಳೆ, ಪಕ್ಕದ ಕೋಣೆಯಲ್ಲಿ ಓದುತ್ತ ಕುಳಿತ ವಿದ್ಯಾರ್ಥಿ ಇರುತ್ತಾನೆ. ಎಂಜಿನಿಯರರ ಬರಹಗಳಿಂದ ಇಂತಹ ನಾಲ್ಕಾರು ಲೆಕ್ಕಗಳನ್ನಾದರೂ ಆರಿಸಿ ನಮ್ಮ ಪಠ್ಯಪುಸ್ತಕಗಳಲ್ಲಿ ಸೇರಿಸಬೇಕು. ಅಲ್ಲಿಯವರೆಗೆ ಕಾಯದೆ, ವಾಚಕರು ಇಂದು ಸಂಜೆಯೇ ತಮ್ಮ ಮನೆಯ ಜ್ವಾಲೆಯ ಬಣ್ಣವನ್ನೊಮ್ಮೆ ಗಮನಿಸಲಿ.