ಡಾಲ್ಫ್ ಎಂಐಟಿ ಬಿಟ್ಟರು, ಸರಿ. ಅದಕ್ಕೆ ಮುಂಚೆ?

'ಇಂಜಿನಿಯರಿಂಗ್ ಬಿಟ್ಟೋರೇ ಉದ್ಧಾರ ಆಗೋದು' ಅಂತ ವಾದ ಮಾಡುವಾಗ ನಾವು ಎಳೆದು ತರೋ ಹೆಸರುಗಳಲ್ಲಿ ಸ್ವೀಡನ್ನಿನ ಡಾಲ್ಫ್ ಲಂಡ್‌ಗ್ರೆನ್ ಅವರದೂ ಒಂದು. 'ರಾಕಿ 4' ಸಿನಿಮಾದ ಇವಾನ್ ಡ್ರಾಗೊ. ಫುಲ್‌ಬ್ರೈಟ್ ಸ್ಕಾಲರ್‌ಶಿಪ್ ಸಿಕ್ಕಿ 1983ರಲ್ಲಿ ಎಂಐಟಿಗೆ ಹೋದವರು, ಬೇಗನೇ ಅದನ್ನ ಬಿಟ್ಟು ನ್ಯೂಯಾರ್ಕಿನಲ್ಲಿ ನಟನೆ ಕಲಿತರು. ನಿಜ. ಆದ್ರೆ ಕತೆನ ಇಲ್ಲಿಂದ ಶುರು ಮಾಡೋದು ಮೋಸ.

ಅಷ್ಟೊತ್ತಿಗಾಗಲೇ ಸಿಡ್ನಿ ವಿಶ್ವವಿದ್ಯಾಲಯದಲ್ಲಿ ಕೆಮಿಕಲ್ ಇಂಜಿನಿಯರಿಂಗ್ ಮಾಸ್ಟರ್ಸ್ ಮುಗಿಸಿದ್ದರು. 1980 ಮತ್ತು 1981ರಲ್ಲಿ ಕ್ಯೋಕುಶಿನ್ ಕರಾಟೆಯಲ್ಲಿ ಯುರೋಪಿಯನ್ ಚಾಂಪಿಯನ್ ಬೇರೆ. ಕ್ಯೋಕುಶಿನ್ ಅಂದ್ರೆ ಪೂರ್ತಿ ಬಲದ ಹೊಡೆತ, ಕೈಗೆ ಗ್ಲೌಸ್ ಇಲ್ಲ. ಮುಖಕ್ಕೆ ಗುದ್ದೋ ಹಾಗಿಲ್ಲ, ತಲೆಗೆ ಒದೀಬಹುದು! ಓದು, ಕರಾಟೆ ಎರಡೂ ಒಟ್ಟಿಗೇ ನಡೆದಿತ್ತು. ಇಂಟರ್ನಲ್ಸ್ ಬಂತಂದ್ರೆ ನಮಗೆ ಗ್ರೌಂಡಿನ ದಾರಿಯೇ ಮರೆತುಹೋಗುತ್ತೆ.

ಇನ್ನೊಂದು ವಿಷಯ ನಾವು ಯಾರೂ ಎತ್ತೋದೇ ಇಲ್ಲ. ಇಂಜಿನಿಯರ್ ಆಗಿದ್ದ ತಂದೆ ಚಿಕ್ಕಂದಿನಲ್ಲಿ ತನ್ನನ್ನ ಹೊಡೀತಿದ್ದರು ಅಂತ ಡಾಲ್ಫ್ ಅವರೇ ವೇದಿಕೆ ಮೇಲೆ ನಿಂತು ಹೇಳಿದ್ದಾರೆ. ಆದ್ರೂ ಅಪ್ಪನ ದಾರಿಯಲ್ಲೇ ಓದಿದರು, ಮುಗಿಸಿದರು, ಆಮೇಲೆ ಹೊರಟರು. ಮನೆಯವರ ಮಾತಿಗೆ ಸೀಟು ತಗೊಂಡು, ಒಳಗೊಳಗೇ ಕುದೀತಾ ಕೂತಿರೋರು ನಮ್ಮ ಬೆಂಚುಗಳಲ್ಲೂ ಇದ್ದಾರಲ್ಲ, ಅವರಿಗೆ ಡಾಲ್ಫ್ ಕತೆ ಹೇಳೋದಾದ್ರೆ ಈ ಭಾಗಾನೂ ಸೇರಿಸಿ ಹೇಳೋಣ.