ದೂರವನ್ನು ಹೊಗಳುವವರಿಗೆ

ಗದಗಿನಿಂದ ಅಣ್ಣಿಗೇರಿಯ ಮೇಲೆ ಹಾದು ಹುಬ್ಬಳ್ಳಿಯನ್ನು ಸೇರುವ ದಾರಿ ಸುಮಾರು 60 ಕಿಲೋಮೀಟರು. ಬಾಲಕ ಸುನಿಲ್ ಜೋಶಿಯವರು ನಸುಕಿನಲ್ಲಿಯೇ ಎದ್ದು ಈ ದಾರಿಯನ್ನು ಕ್ರಮಿಸಿ, ಹುಬ್ಬಳ್ಳಿಯಲ್ಲಿ ಕ್ರಿಕೆಟ್ ಅಭ್ಯಾಸವನ್ನು ಮುಗಿಸಿ, ಶಾಲೆಯ ವೇಳೆಗೆ ಗದಗಿಗೆ ಮರಳುತ್ತಿದ್ದರೆಂಬ ವೃತ್ತಾಂತವನ್ನು ನಮ್ಮ ಭಾಗದ ಕ್ರೀಡಾಪ್ರೇಮಿಗಳೆಲ್ಲರೂ ಬಲ್ಲರು. ಆದರೆ ಈ ವೃತ್ತಾಂತವನ್ನು ಉದಾಹರಿಸಿ, ಛಲವಿದ್ದವನು ಎಲ್ಲಿದ್ದರೂ ಮೇಲೇರುವನು, ತಾಲ್ಲೂಕು ತಾಲ್ಲೂಕಿಗೆ ಅಂಕಣವನ್ನೂ ತರಬೇತುದಾರನನ್ನೂ ಒದಗಿಸುವ ವೆಚ್ಚವೇಕೆ ಎಂದು ವಾದಿಸುವವರಿದ್ದಾರೆ. ಈ ವಾದವು ನಿರ್ದಯವಾದುದು, ತರ್ಕಕ್ಕೂ ವಿರುದ್ಧವಾದುದು.

ಜೋಶಿಯವರ ಸಾಧನೆಯನ್ನು ಯಾರೂ ಅಲ್ಲಗಳೆಯಲಾರರು. 1995-96ರ ರಣಜಿ ಋತುವಿನಲ್ಲಿ 500 ಓಟಗಳನ್ನೂ 50 ವಿಕೆಟ್‌ಗಳನ್ನೂ ಒಟ್ಟಿಗೆ ಗಳಿಸಿದ, 1999ರಲ್ಲಿ ನೈರೋಬಿಯಲ್ಲಿ ದಕ್ಷಿಣ ಆಫ್ರಿಕದ ವಿರುದ್ಧ ಹತ್ತು ಓವರುಗಳಲ್ಲಿ ಕೇವಲ 6 ಓಟಗಳನ್ನಿತ್ತು 5 ವಿಕೆಟ್‌ಗಳನ್ನು ಕಿತ್ತ, 2000ದ ನವೆಂಬರಿನಲ್ಲಿ ಢಾಕಾದಲ್ಲಿ ಬಾಂಗ್ಲಾದೇಶದ ಪ್ರಪ್ರಥಮ ಟೆಸ್ಟಿನಲ್ಲಿ ಒಟ್ಟು ಎಂಟು ವಿಕೆಟ್‌ಗಳ ಜೊತೆಗೆ 92 ಓಟಗಳನ್ನೂ ಪೇರಿಸಿ ಪಂದ್ಯಶ್ರೇಷ್ಠರೆನಿಸಿದ ಈ ಎಡಗೈ ಸ್ಪಿನ್ನರು, ಆ ವರ್ಷ ಕಳೆದ ಮೇಲೆ ಒಂದು ಟೆಸ್ಟನ್ನೂ ಆಡಲಿಲ್ಲ. ಒಟ್ಟು 15 ಟೆಸ್ಟುಗಳು, 69 ಏಕದಿನ ಪಂದ್ಯಗಳು. ಪ್ರಥಮ ದರ್ಜೆಯಲ್ಲಿ 600ಕ್ಕೂ ಮೀರಿ ವಿಕೆಟ್ ಪಡೆದವರಿಗೆ ಇದು ಅಲ್ಪವೆಂದೇ ನನ್ನ ಅಭಿಪ್ರಾಯ. ಇಷ್ಟಾದರೂ ಅವರು ಗುರಿ ಮುಟ್ಟಿದವರು. ಅದೇ ನಸುಕಿನಲ್ಲಿ ಎದ್ದು, ಅಷ್ಟೇ ದಣಿದು, ಹಣ ಸಾಲದೆಯೋ ಹೊಲದ ಕೆಲಸಕ್ಕೆ ಕೈ ಬೇಕಾಗಿಯೋ ನಡುದಾರಿಯಲ್ಲಿಯೇ ಆಟವನ್ನು ತೊರೆದವರ ಲೆಕ್ಕವನ್ನು ಯಾವ ದಫ್ತರವೂ ಇಟ್ಟಿಲ್ಲ. ಗೆದ್ದವನೊಬ್ಬನನ್ನು ತೋರಿಸಿ ವ್ಯವಸ್ಥೆಯೇ ಸರಿಯೆನ್ನುವುದು ಯಾವ ನ್ಯಾಯ?

ದೂರದ ವೇಲ್ಸಿನಲ್ಲಿ ಶೇನ್ ವಿಲಿಯಮ್ಸ್ ಎಂಬ ರಗ್ಬಿ ವಿಂಗರು ಇದ್ದರು. ಎತ್ತರ ಐದು ಅಡಿ ಏಳು ಅಂಗುಲ. ದೈತ್ಯಕಾಯರ ಆ ಆಟಕ್ಕೆ ಈತನು ತೀರ ಕುಳ್ಳನೆಂದು ಒಂದು ಕಾಲದಲ್ಲಿ ಬದಿಗೊತ್ತಲ್ಪಟ್ಟವರು, 2008ರಲ್ಲಿ ಜಗತ್ತಿನ ಶ್ರೇಷ್ಠ ಆಟಗಾರನೆಂಬ ಪ್ರಶಸ್ತಿಗೆ ಪಾತ್ರರಾದರು; ತಮ್ಮ ದೇಶಕ್ಕಾಗಿ 58 ಟ್ರೈಗಳನ್ನು ಗಳಿಸಿದರು. ಅವರ ಛಲ ಜೋಶಿಯವರದಕ್ಕಿಂತ ಕಡಿಮೆಯದಲ್ಲ. ಆದರೆ ಕಲ್ಲಿದ್ದಲ ಗಣಿಗಳ ಆ ಆಮನ್ ಕಣಿವೆಯಲ್ಲಿ ಊರಿನದೇ ಆದ ಆಮನ್ ಯುನೈಟೆಡ್ ಎಂಬ ರಗ್ಬಿ ಸಂಘವಿತ್ತು. ಆಟವನ್ನು ಆರಂಭಿಸಲು ಹುಡುಗನು ಪರಸ್ಥಳಕ್ಕೆ ಅಲೆಯಬೇಕಾಗಿರಲಿಲ್ಲ. ಆತನ ಛಲವೆಲ್ಲವೂ ಎದುರಾಳಿಯ ಮೇಲೆ ವ್ಯಯವಾಯಿತು. ನಮ್ಮ ಹುಡುಗರ ಛಲದ ಅರ್ಧಭಾಗ ಪ್ರಯಾಣದಲ್ಲಿಯೇ ಕರಗುತ್ತದೆ.

ನಮ್ಮಲ್ಲಿ ಸಾಮಗ್ರಿಯ ಅಭಾವವೆಂದೂ ಹೇಳುವಂತಿಲ್ಲ. ಹತ್ತಿಯನ್ನೂ ಮೆಣಸಿನಕಾಯಿಯನ್ನೂ ಹಿಂಗಾರಿ ಜೋಳವನ್ನೂ ಬೆಳೆಯುವ ಈ ಎರೆಮಣ್ಣಿನಂಥ ಜಿಗುಟು ಮಣ್ಣಿನಿಂದಲೇ ದೇಶದ ಅನೇಕ ಟರ್ಫ್ ಅಂಕಣಗಳು ಸಿದ್ಧವಾಗುತ್ತವೆ. ನೀರುಣಿಸಿ, ರೋಲರ್ ಎಳೆದು, ಹದವರಿತು ಒಣಗಿಸುವ ಒಬ್ಬ ನುರಿತ ಕೆಲಸಗಾರನೂ, ವರ್ಷವಿಡೀ ಸಂಬಳ ಪಡೆಯುವ ಒಬ್ಬ ತರಬೇತುದಾರನೂ ಇದ್ದರೆ ಅಣ್ಣಿಗೇರಿಯಲ್ಲಿಯೇ ಎಡಗೈ ಸ್ಪಿನ್ನರುಗಳು ತಯಾರಾಗಬಲ್ಲರು. ಹುಬ್ಬಳ್ಳಿಯ ರಾಜನಗರದಲ್ಲಿ ಸುಸಜ್ಜಿತ ಕ್ರೀಡಾಂಗಣ ತಲೆಯೆತ್ತಿದುದು ಸಂತೋಷವೇ. ಆದರೆ ಹುಬ್ಬಳ್ಳಿಗೆ ಬಂದುದು ನವಲಗುಂದಕ್ಕೂ ಕುಂದಗೋಳಕ್ಕೂ ಕಲಘಟಗಿಗೂ ಬಂದಂತಾಯಿತೆಂದು ಬೆಂಗಳೂರಿನವರು ತಿಳಿಯಬಾರದು.

ರಾಜ್ಯ ಕ್ರಿಕೆಟ್ ಸಂಸ್ಥೆಯೂ ಯುವಜನ ಸೇವೆ ಮತ್ತು ಕ್ರೀಡಾ ಇಲಾಖೆಯೂ ಅಣ್ಣಿಗೇರಿ ಪುರಸಭೆಯೂ ಈ ವರ್ಷವೇ ಒಂದೆಡೆ ಕುಳಿತು, ಈ ತಾಲ್ಲೂಕಿಗೆ ಒಂದು ಟರ್ಫ್ ಅಂಕಣವನ್ನೂ ಒಬ್ಬ ಕಾಯಂ ತರಬೇತುದಾರನನ್ನೂ ಮಂಜೂರು ಮಾಡಬೇಕು. ಊರಿನ ಹಿರಿಯರು ಮುಂದಿನ ಪುರಸಭೆಯ ಸಭೆಯಲ್ಲಿ ಈ ಬೇಡಿಕೆಯನ್ನು ಲಿಖಿತವಾಗಿ ಮಂಡಿಸಬೇಕೆಂದು ನಾನು ಕೈಮುಗಿದು ಕೇಳಿಕೊಳ್ಳುತ್ತೇನೆ.